ಅಂಗಣದ ಗುರು ಜಾನ್ ವುಡನ್

(ಸಂಘದ ವಾರ್ಷಿಕೋತ್ಸವದಲ್ಲಿ ಮಾಡಿದ ಭಾಷಣ)



ಇಂತಹ ಸಭೆಗಳಲ್ಲಿ ನಾಡು, ನುಡಿ, ಸಾಹಿತ್ಯಗಳನ್ನು ಕುರಿತು ಮಾತನಾಡುವುದು ವಾಡಿಕೆ. ನಾವಾದರೋ ಇಂದು ಅಮೆರಿಕ ದೇಶದ ಒಬ್ಬ ಆಟಗಾರರ ಕಥೆಯನ್ನು ಹೇಳಲು ನಿಂತಿದ್ದೇವೆ. ಕನ್ನಡ ಸಂಘದ ಉತ್ಸವಕ್ಕೂ ಚೆಂಡಾಟಕ್ಕೂ ಏನು ಸಂಬಂಧ ಎಂದು ಹಿರಿಯರು ಕೇಳಬಹುದು. ಕೇಳುವುದು ನ್ಯಾಯವೂ ಹೌದು. ಆದರೆ ಈ ಕಥೆ ಆಟಗಾರನದಾದಷ್ಟೇ ಒಬ್ಬ ಮಾಸ್ತರರದೂ ಆಗಿದೆ. ಈ ಕಾಸರಗೋಡಿನ ನೆಲದಲ್ಲಿ ಕನ್ನಡವು ಉಳಿದು ಬಂದಿದ್ದರೆ ಅದಕ್ಕೆ ಸರಕಾರದ ಆಜ್ಞೆಗಳಿಗಿಂತ ಶಾಲೆಯ ಮಾಸ್ತರರೇ ಹೆಚ್ಚು ಕಾರಣರು. ಪೆರಡಾಲದ ಶಾಲೆಯಲ್ಲಿ ಪಾಠ ಹೇಳಿದ ಕವಿ ಕಯ್ಯಾರ ಕಿಞ್ಞಣ್ಣ ರೈಗಳನ್ನು ನೆನೆದರೆ ಸಾಕು, ಈ ಮಾತಿನ ಸತ್ಯವು ಮನಸ್ಸಿಗೆ ಬರುತ್ತದೆ. ಹೀಗಿರುವಾಗ ಮಾಸ್ತರರೊಬ್ಬರ ಕಥೆ ಯಾವ ದೇಶದ್ದಾದರೇನು, ನಮಗೆ ಪರಕೀಯವಾಗಲಾರದು.

ಜಾನ್ ವುಡನ್ನರ ಜೀವನವನ್ನು ಹೇಳುವ ಮುನ್ನ ಆ ಆಟದ ಹುಟ್ಟನ್ನು ಎರಡು ಮಾತಿನಲ್ಲಿ ಹೇಳುವುದು ಯುಕ್ತ. ಬ್ಯಾಸ್ಕೆಟ್‌ಬಾಲ್ ಆಟವೂ ಒಬ್ಬ ಮಾಸ್ತರರ ಸೃಷ್ಟಿಯೇ. 1891ನೆಯ ಇಸವಿಯ ಚಳಿಗಾಲ. ಅಮೆರಿಕದ ಸ್ಪ್ರಿಂಗ್‌ಫೀಲ್ಡ್ ಎಂಬ ಊರಿನಲ್ಲಿ ವೈ.ಎಂ.ಸಿ.ಎ. ಸಂಸ್ಥೆಯವರು ನಡೆಸುತ್ತಿದ್ದ ಶಿಕ್ಷಣಶಾಲೆಯಲ್ಲಿ ಜೇಮ್ಸ್ ನೈಸ್ಮಿತ್ ಎಂಬ ಅಧ್ಯಾಪಕರಿದ್ದರು. ಹೊರಗೆ ಹಿಮ ಸುರಿಯುವಾಗ ಒಳಗೆ ಆಡಬಹುದಾದ ಆಟವೊಂದು ಬೇಕೆಂದು ಮೇಲಧಿಕಾರಿಗಳು ಅವರಿಗೆ ಹೇಳಿದರು. ನೈಸ್ಮಿತ್ತರು ಪೀಚ್ ಹಣ್ಣು ತುಂಬುವ ಎರಡು ಬುಟ್ಟಿಗಳನ್ನು ಹತ್ತು ಅಡಿ ಎತ್ತರದಲ್ಲಿ ಹೊಡೆದು ನಿಲ್ಲಿಸಿ, ಹದಿಮೂರು ನಿಯಮಗಳನ್ನು ಬರೆದು ಗೋಡೆಗೆ ಅಂಟಿಸಿ, ತಮ್ಮ ಹದಿನೆಂಟು ವಿದ್ಯಾರ್ಥಿಗಳನ್ನು ಎರಡು ಪಾಲು ಮಾಡಿ ಆಡಿಸಿದರು. ಇದೇ ಆ ಆಟದ ಜನ್ಮವೃತ್ತಾಂತ. ಅದೇ ಶಾಲೆಯಲ್ಲಿ ಕಲಿತ ಎಚ್. ಸಿ. ಬಕ್ ಎಂಬವರು 1920ರಲ್ಲಿ ಮದರಾಸಿನಲ್ಲಿ ವ್ಯಾಯಾಮ ಶಿಕ್ಷಕರ ಕಾಲೇಜನ್ನು ಸ್ಥಾಪಿಸಿದರು. ಆ ಕಾಲದಲ್ಲಿ ನಮ್ಮ ಕಾಸರಗೋಡು ಮದರಾಸು ಪ್ರಾಂತದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ ತಾಲೂಕಾಗಿತ್ತು. ನಾವು ‘ಡ್ರಿಲ್ ಮಾಸ್ತರು’ ಎಂದು ಕರೆಯುವವರ ವಿದ್ಯೆಯ ಒಂದು ಬೇರು ಹೀಗೆ ಸ್ಪ್ರಿಂಗ್‌ಫೀಲ್ಡಿನವರೆಗೆ ಹೋಗುತ್ತದೆ. ನಮ್ಮ ಮಕ್ಕಳಿಗೆ ಕಬಡ್ಡಿ, ವಾಲಿಬಾಲುಗಳಷ್ಟು ಈ ಆಟ ಪರಿಚಿತವಲ್ಲದಿರಬಹುದು. ಆದರೆ ಸಂಪೂರ್ಣ ಅನ್ಯವೂ ಅಲ್ಲ.

ಇನ್ನು ಕಥಾನಾಯಕರ ವಿಷಯ. ಜಾನ್ ವುಡನ್ನರು 1910ನೆಯ ಇಸವಿ ಅಕ್ಟೋಬರ್ 14ರಂದು ಇಂಡಿಯಾನ ಸಂಸ್ಥಾನದ ಹಾಲ್ ಎಂಬ ಹಳ್ಳಿಯಲ್ಲಿ ಜನಿಸಿದರು. ತಂದೆ ಜೋಶುವಾ ವುಡನ್ ಒಬ್ಬ ಸಾಮಾನ್ಯ ರೈತರು. ಸೆಂಟರ್‌ಟನ್ ಎಂಬ ಊರಿನ ಬಳಿ ಅವರ ಹೊಲ, ಮನೆ. ಮನೆಯಲ್ಲಿ ವಿದ್ಯುದ್ದೀಪವಿರಲಿಲ್ಲ, ನಲ್ಲಿಯ ನೀರಿರಲಿಲ್ಲ. ಸಂಜೆ ಕೆಲಸ ಮುಗಿದ ಮೇಲೆ ತಂದೆಯವರು ಎಣ್ಣೆಯ ದೀಪದ ಬೆಳಕಿನಲ್ಲಿ ಬೈಬಲನ್ನೂ ಕವಿತೆಗಳನ್ನೂ ಗಟ್ಟಿಯಾಗಿ ಓದುತ್ತಿದ್ದರು. ಮಕ್ಕಳು ಸುತ್ತ ಕುಳಿತು ಕೇಳುತ್ತಿದ್ದರು. ನಮ್ಮ ಮನೆಗಳಲ್ಲಿ ಹಿರಿಯರು ದೀಪದ ಮುಂದೆ ಕುಳಿತು ಭಾರತ, ರಾಮಾಯಣ ಓದುತ್ತಿದ್ದುದನ್ನು ಕಂಡವರಿಗೆ ಆ ಚಿತ್ರವನ್ನು ಬೇರೆಯಾಗಿ ಬಿಡಿಸಿ ಹೇಳಬೇಕಾಗಿಲ್ಲ. ಬಾಲಕ ಜಾನನಿಗೆ ಮೊದಲ ಬ್ಯಾಸ್ಕೆಟ್‌ಬಾಲ್ ದೊರೆತುದೂ ಆ ಮನೆಯಲ್ಲಿಯೇ. ತಂದೆ ಟೊಮೇಟೊ ಬುಟ್ಟಿಯೊಂದರ ಅಡಿಯನ್ನು ಕಿತ್ತು ಕೊಟ್ಟಿಗೆಯ ಗೋಡೆಗೆ ಮೊಳೆ ಹೊಡೆದರು. ತಾಯಿ ಹಳೆಯ ಕಾಲುಚೀಲದೊಳಗೆ ಚಿಂದಿ ಬಟ್ಟೆಗಳನ್ನು ತುರುಕಿ ಹೊಲಿದು ಚೆಂಡು ಮಾಡಿಕೊಟ್ಟರು.

ಪ್ರಾಥಮಿಕ ಶಾಲೆಯನ್ನು ಮುಗಿಸಿದ ದಿನ ತಂದೆಯವರು ತಮಗೆ ಒಂದು ಚಿಕ್ಕ ಕಾಗದವನ್ನು ಕೊಟ್ಟರೆಂದು ವುಡನ್ನರು ಮುಂದೆ ಬಾರಿ ಬಾರಿಗೂ ಹೇಳುತ್ತಿದ್ದರು. ತನಗೆ ತಾನು ಸತ್ಯವಾಗಿರುವುದು, ಇತರರಿಗೆ ನೆರವಾಗುವುದು, ಒಳ್ಳೆಯ ಗ್ರಂಥಗಳನ್ನು ಓದುವುದು, ಸ್ನೇಹವನ್ನು ಬೆಳೆಸುವುದು ಮೊದಲಾದ ಏಳು ಹಿತವಚನಗಳು ಅದರಲ್ಲಿದ್ದುವು. ಆ ಏಳರಲ್ಲಿ ಒಂದಾದರೂ ಗೆಲವನ್ನಾಗಲಿ ಹಣವನ್ನಾಗಲಿ ಕುರಿತುದಲ್ಲ. ಅಷ್ಟರಲ್ಲಿ ಆ ಸಂಸಾರಕ್ಕೆ ಕಷ್ಟಕಾಲ ಬಂದಿತು. ಸಾಕಿದ ಹಂದಿಗಳು ಕೆಟ್ಟ ಲಸಿಕೆಯಿಂದ ಸತ್ತುವು; ಮಳೆ ಕೈಕೊಟ್ಟಿತು; ಹೊಲ ಕೈಬಿಟ್ಟುಹೋಯಿತು. ಸಂಸಾರವು ಮಾರ್ಟಿನ್ಸ್‌ವಿಲ್ ಎಂಬ ಪಟ್ಟಣಕ್ಕೆ ಬಂದಿತು. ತಂದೆ ಅಲ್ಲಿಯ ಆರೋಗ್ಯಧಾಮವೊಂದರ ಸ್ನಾನಗೃಹದಲ್ಲಿ ಕೂಲಿಗೆ ನಿಂತರು. ಭೂಮಿ ಕಳೆದುಕೊಂಡ ಆ ರೈತರು ಯಾರನ್ನೂ ದೂರಲಿಲ್ಲ, ತಮ್ಮ ಅದೃಷ್ಟವನ್ನೂ ಹಳಿಯಲಿಲ್ಲ. ಇದನ್ನು ಕಣ್ಣಾರೆ ಕಂಡುದೇ ತಮಗೆ ದೊರೆತ ದೊಡ್ಡ ಪಾಠವೆಂದು ಮಗ ಕೊನೆಯವರೆಗೂ ನೆನೆಯುತ್ತಿದ್ದರು.

ಇಂಡಿಯಾನದಲ್ಲಿ ಬ್ಯಾಸ್ಕೆಟ್‌ಬಾಲಿಗೆ ನಮ್ಮ ಕಡೆ ಯಕ್ಷಗಾನಕ್ಕಿರುವಷ್ಟು ಮರುಳು. ಮಾರ್ಟಿನ್ಸ್‌ವಿಲ್ಲಿನ ಜನಸಂಖ್ಯೆ 5000 ಮುಟ್ಟಿರಲಿಲ್ಲ. ಆದರೆ ಅಲ್ಲಿಯ ಶಾಲೆಯ ಆಟದ ಮನೆಯಲ್ಲಿ 5000ಕ್ಕೂ ಹೆಚ್ಚು ಮಂದಿ ಕುಳಿತುಕೊಳ್ಳಬಹುದಾಗಿತ್ತು! ಆ ಶಾಲೆಯ ತಂಡವು ಜಾನ್ ಆಡುತ್ತಿದ್ದಾಗ ಮೂರು ವರ್ಷ ಸಂಸ್ಥಾನದ ಅಂತಿಮ ಪಂದ್ಯವನ್ನು ತಲಪಿತು. 1927ರಲ್ಲಿ ಗೆದ್ದಿತು. 1928ರಲ್ಲಿ ಒಂದೇ ಒಂದು ಅಂಕದಿಂದ, 13ಕ್ಕೆ 12ರಿಂದ, ಸೋತಿತು.

ತರುವಾಯ ಅವರು ಪರ್ಡ್ಯೂ ವಿಶ್ವವಿದ್ಯಾನಿಲಯವನ್ನು ಸೇರಿದರು. ಸಿವಿಲ್ ಎಂಜಿನಿಯರ್ ಆಗಬೇಕೆಂಬುದು ಅವರ ಆಸೆ. ಆದರೆ ಆ ತರಗತಿಯ ವಿದ್ಯಾರ್ಥಿಗಳು ಬೇಸಗೆಯಲ್ಲಿ ಶಿಬಿರಕ್ಕೆ ಹೋಗಬೇಕಾಗಿತ್ತು. ಇವರಾದರೋ ಬೇಸಗೆಯಲ್ಲಿ ದುಡಿದರೆ ಮಾತ್ರ ಮುಂದಿನ ವರ್ಷದ ಓದು. ಆದುದರಿಂದ ಎಂಜಿನಿಯರಿಂಗನ್ನು ಬಿಟ್ಟು ಇಂಗ್ಲಿಷ್ ಸಾಹಿತ್ಯವನ್ನು ಆರಿಸಿಕೊಂಡರು. ಬಡತನವು ಒಬ್ಬ ಎಂಜಿನಿಯರನ್ನು ಕಳೆದು ಒಬ್ಬ ಮಾಸ್ತರನ್ನು ಕೊಟ್ಟಿತೆಂದು ಹೇಳಬಹುದು. ಕ್ರೀಡಾ ವಿದ್ಯಾರ್ಥಿವೇತನಗಳಿಲ್ಲದ ಆ ಕಾಲದಲ್ಲಿ ಅವರು ಊಟದ ಮನೆಯಲ್ಲಿ ಬಡಿಸುವ ಕೆಲಸ ಮಾಡಿ ಹೊಟ್ಟೆ ಹೊರೆದುಕೊಂಡರು.

ಆಟಗಾರರಾಗಿ ಅವರ ಕೀರ್ತಿ ಪರ್ಡ್ಯೂವಿನಲ್ಲಿ ತುದಿ ಮುಟ್ಟಿತು. ಅವರು ಎತ್ತರದ ಆಳಲ್ಲ; ಆರಡಿಗೆ ಸ್ವಲ್ಪ ಕಡಮೆ. ಆದರೆ ನೆಲಕ್ಕೆ ಬಿದ್ದ ಕ್ಷಣವೇ ಪುಟಿದೇಳುತ್ತಿದ್ದುದರಿಂದ ಜನರು ಅವರನ್ನು ‘ಇಂಡಿಯಾನದ ರಬ್ಬರ್ ಮನುಷ್ಯ’ ಎಂದು ಕರೆದರು. 1930, 1931, 1932 – ಈ ಮೂರು ವರ್ಷವೂ ದೇಶದ ಅತ್ಯುತ್ತಮ ಕಾಲೇಜು ಆಟಗಾರರ ಪಟ್ಟಿಯಲ್ಲಿ ಅವರ ಹೆಸರಿತ್ತು. ಅವರ ಗುರು ವಾರ್ಡ್ ಲ್ಯಾಂಬರ್ಟ್. ದೇಹದಾರ್ಢ್ಯ, ಮೂಲಪಾಠಗಳಲ್ಲಿ ವೇಗ, ತಂಡವಾಗಿ ಆಡುವ ಗುಣ – ಈ ಮೂರನ್ನು ಶಿಷ್ಯನು ಆ ಗುರುವಿನಿಂದ ಪಡೆದನು. ಇದರೊಡನೆ ಓದಿನಲ್ಲಿಯೂ ಮುಂದಿದ್ದುದಕ್ಕಾಗಿ ಪದವಿಯ ವರ್ಷ ಅವರಿಗೆ ಪದಕ ದೊರೆಯಿತು.

1932ರ ಆಗಸ್ಟ್ 8ರಂದು ಅವರು ಬಾಲ್ಯದ ಗೆಳತಿ ನೆಲ್ ರೈಲಿಯವರನ್ನು ಮದುವೆಯಾದರು. ದೇಶದಲ್ಲಿ ಭಯಂಕರವಾದ ಆರ್ಥಿಕ ಕುಸಿತ. ಮದುವೆಗೆ ಎರಡು ದಿನ ಮುಂಚೆ ಬ್ಯಾಂಕು ಮುಚ್ಚಿತು. ಅವರು ಕೂಡಿಟ್ಟಿದ್ದ 900 ಡಾಲರಿಗೆ ಮಿಕ್ಕಿದ ಹಣವೆಲ್ಲ ಹೋಯಿತು. ಸಾಲ ತಂದು ಮದುವೆಯನ್ನು ನಡೆಸಿ, ಕೆಂಟಕಿ ಸಂಸ್ಥಾನದ ಡೇಟನ್ ಎಂಬಲ್ಲಿ ಹೈಸ್ಕೂಲು ಮಾಸ್ತರರಾದರು. ಇಂಗ್ಲಿಷ್ ಪಾಠ ಹೇಳುವುದು, ಸಂಜೆ ಮಕ್ಕಳನ್ನು ಆಡಿಸುವುದು ಅವರ ಕೆಲಸ. ದೇಶವೇ ಕೊಂಡಾಡಿದ ಆಟಗಾರರು ಕಲಿಸಿದ ಮೊದಲ ತಂಡದ ಫಲಿತಾಂಶವೇನು? ಆರು ಗೆಲವು, ಹನ್ನೊಂದು ಸೋಲು! ತಾನು ಆಡಬಲ್ಲೆನೆಂಬುದು ಬೇರೆ, ಇನ್ನೊಬ್ಬರಿಗೆ ಆಡಲು ಕಲಿಸಬಲ್ಲೆನೆಂಬುದು ಬೇರೆ ಎಂದು ಆ ವರ್ಷ ಅವರಿಗೆ ತಿಳಿಯಿತು. ಅವರ ದೀರ್ಘ ವೃತ್ತಿಜೀವನದಲ್ಲಿ ಸೋಲುಗಳು ಗೆಲವುಗಳನ್ನು ಮೀರಿದುದು ಆ ಒಂದು ವರ್ಷ ಮಾತ್ರ.

1934ರಲ್ಲಿ ಅವರು ಇಂಡಿಯಾನದ ಸೌತ್ ಬೆಂಡ್ ನಗರದ ಹೈಸ್ಕೂಲಿಗೆ ಬಂದರು. ಇಲ್ಲಿ ನಡೆದುದನ್ನು ತಂದೆ ತಾಯಂದಿರು ಗಮನಿಸಬೇಕೆಂದು ನಮ್ಮ ಪ್ರಾರ್ಥನೆ. ತರಗತಿಯಲ್ಲಿ ಒಬ್ಬ ಹುಡುಗ ತನ್ನ ಶಕ್ತಿಮೀರಿ ಓದಿ ಸಾಧಾರಣ ಅಂಕ ತೆಗೆಯುತ್ತಿದ್ದನು. ಇನ್ನೊಬ್ಬ ಏನೂ ಶ್ರಮಪಡದೆ ಹೆಚ್ಚು ಅಂಕ ತೆಗೆಯುತ್ತಿದ್ದನು. ತಂದೆ ತಾಯಂದಿರು ಬಂದು, ನೆರೆಮನೆಯ ಹುಡುಗನಿಗೆ ಬಂದಷ್ಟು ಅಂಕ ನಮ್ಮವನಿಗೇಕೆ ಬರಲಿಲ್ಲವೆಂದು ಮಾಸ್ತರರನ್ನೂ ಮಗುವನ್ನೂ ಗದರುತ್ತಿದ್ದರು. ದೇವರು ಎಲ್ಲರಿಗೂ ಒಂದೇ ಅಳತೆಯ ಬುದ್ಧಿಯನ್ನು ಕೊಟ್ಟಿಲ್ಲ. ಹಾಗಿರುವಲ್ಲಿ ಎಲ್ಲರನ್ನೂ ಒಂದೇ ಕೋಲಿನಿಂದ ಅಳೆಯುವುದು ಯಾವ ನ್ಯಾಯ? ಈ ಪ್ರಶ್ನೆ ವುಡನ್ನರನ್ನು ಕಾಡಿತು. ಅವರು ತಮಗಾಗಿ ಸಾಫಲ್ಯಕ್ಕೆ ಒಂದು ಅರ್ಥವನ್ನು ಬರೆದುಕೊಂಡರು. ಅದರ ಸಾರ ಇಷ್ಟು: ತನ್ನಿಂದ ಸಾಧ್ಯವಾದುದನ್ನೆಲ್ಲ ಮಾಡಿದೆನೆಂದು ತನ್ನ ಮನಸ್ಸಿಗೆ ತಿಳಿದಾಗ ಬರುವ ನೆಮ್ಮದಿಯೇ ಸಾಫಲ್ಯ, ಅದನ್ನು ಅಂಕಪಟ್ಟಿಯಾಗಲಿ ಪಕ್ಕದ ಮನೆಯವರಾಗಲಿ ಹೇಳಲಾರರು. ಈ ಅರ್ಥವನ್ನು ಮಕ್ಕಳ ಕಣ್ಣಿಗೆ ಕಾಣಿಸುವಂತೆ ಮಾಡಲು, ಉದ್ಯಮಶೀಲತೆ, ಸ್ನೇಹ, ನಿಷ್ಠೆ, ಸಹಕಾರ, ಉತ್ಸಾಹಗಳನ್ನು ತಳಪಾಯವಾಗಿಟ್ಟು, ಒಂದರ ಮೇಲೊಂದಾಗಿ ಹದಿನೈದು ಕಲ್ಲುಗಳ ಗೋಪುರದ ಚಿತ್ರವೊಂದನ್ನು ಬರೆದರು. ಅದು ಒಂದು ದಿನದ ಕೆಲಸವಲ್ಲ. 1934ರಲ್ಲಿ ತೊಡಗಿದುದು 1948ರಲ್ಲಿ ಮುಗಿಯಿತು.

ಎರಡನೆಯ ಮಹಾಯುದ್ಧದಲ್ಲಿ ನೌಕಾಸೇನೆಯ ಸೇವೆಯನ್ನು ಮುಗಿಸಿ 1946ರಲ್ಲಿ ಅವರು ಟೆರ್ರೆ ಹೋಟ್ ಎಂಬ ಊರಿನ ಅಧ್ಯಾಪಕರ ಕಾಲೇಜಿನಲ್ಲಿ ಆಟದ ಗುರುವಾದರು. ಆ ತಂಡದಲ್ಲಿ ಕ್ಲಾರೆನ್ಸ್ ವಾಕರ್ ಎಂಬ ನೀಗ್ರೋ ವಿದ್ಯಾರ್ಥಿಯಿದ್ದನು; ಅವನು ಮುಖ್ಯ ಆಟಗಾರನಲ್ಲ, ಬದಲಿಯಾಗಿ ಇಳಿಯುವವನು. 1947ರಲ್ಲಿ ಕಾನ್ಸಾಸ್ ನಗರದ ರಾಷ್ಟ್ರೀಯ ಪಂದ್ಯಾವಳಿಗೆ ತಂಡಕ್ಕೆ ಆಹ್ವಾನ ಬಂದಿತು. ಆದರೆ ಕರಿಯರು ಅಲ್ಲಿ ಆಡಕೂಡದೆಂಬ ನಿಯಮವಿತ್ತು. ಒಬ್ಬ ಬದಲಿ ಆಟಗಾರನನ್ನು ಊರಿನಲ್ಲಿ ಬಿಟ್ಟುಹೋದರೆ ತಂಡದ ಬಲವೇನೂ ಕುಂದುತ್ತಿರಲಿಲ್ಲ. ವುಡನ್ನರು ಹೋಗಲಿಲ್ಲ, ಆಹ್ವಾನವನ್ನು ತಿರಸ್ಕರಿಸಿದರು. ಮರುವರ್ಷ ಆ ನಿಯಮವನ್ನು ತೆಗೆದುಹಾಕಲಾಯಿತು. 1948ರಲ್ಲಿ ವಾಕರ್ ಆ ಪಂದ್ಯಾವಳಿಯಲ್ಲಿ ಆಡಿದ ಮೊದಲ ಕರಿಯ ಆಟಗಾರನಾದನು. ತಂಡವು ಅಂತಿಮ ಪಂದ್ಯದಲ್ಲಿ ಸೋತಿತು. ಆ ಸೋಲನ್ನು ಇಂದು ಯಾರು ನೆನೆಯುತ್ತಾರೆ? ಬೆಂಚಿನ ಕೊನೆಯಲ್ಲಿ ಕುಳಿತ ಒಬ್ಬ ಹುಡುಗನ ಮಾನಕ್ಕಾಗಿ ಇಡೀ ತಂಡದ ಅವಕಾಶವನ್ನು ಬಿಟ್ಟುಕೊಟ್ಟ ಮಾಸ್ತರರನ್ನು ಮಾತ್ರ ಜನ ಮರೆತಿಲ್ಲ. ಅಲ್ಪಸಂಖ್ಯಾತರಾಗಿ ಬಾಳುವುದೆಂದರೇನೆಂದು ಬಲ್ಲ ನಾವು ಈ ಸಂಗತಿಯನ್ನು ಮರೆಯಲಾಗದು.

1948ರ ವಸಂತದಲ್ಲಿ ಅವರ ಮುಂದೆ ಎರಡು ಹುದ್ದೆಗಳಿದ್ದುವು. ಒಂದು ಮಿನ್ನೆಸೋಟದ್ದು, ಮನಸ್ಸಿಗೆ ಹೆಚ್ಚು ಹಿಡಿಸಿದುದು. ಇನ್ನೊಂದು ಲಾಸ್ ಏಂಜಲೀಸಿನ ಕ್ಯಾಲಿಫೋರ್ನಿಯ ವಿಶ್ವವಿದ್ಯಾನಿಲಯದ್ದು. ಮಿನ್ನೆಸೋಟದವರು ಇಂತಹ ಹೊತ್ತಿಗೆ ಫೋನು ಮಾಡುತ್ತೇವೆಂದು ಹೇಳಿದ್ದರು. ಹಿಮದ ಬಿರುಗಾಳಿಯಿಂದ ತಂತಿಗಳು ಕೆಟ್ಟು ಫೋನು ಬರಲಿಲ್ಲ. ಅವರಿಗೆ ನಾವು ಬೇಡವಾದೆವೆಂದು ಭಾವಿಸಿ ವುಡನ್ನರು ಲಾಸ್ ಏಂಜಲೀಸಿಗೆ ಒಪ್ಪಿಗೆ ಕೊಟ್ಟರು. ಒಂದು ಗಂಟೆಯಾದ ಮೇಲೆ ಮಿನ್ನೆಸೋಟದ ಕರೆ ಬಂದಿತು. ಮನಸ್ಸು ಅತ್ತ ಎಳೆದರೂ ಕೊಟ್ಟ ಮಾತನ್ನು ಹಿಂದೆಗೆದುಕೊಳ್ಳಲಿಲ್ಲ. ‘ಪುಣ್ಯಕೋಟಿ’ಯನ್ನು ಕೇಳಿ ಬೆಳೆದ ನಮ್ಮ ಮಕ್ಕಳಿಗೆ ಇದರ ಬೆಲೆಯನ್ನು ವಿವರಿಸಬೇಕಾಗಿಲ್ಲ.

ಹೋಗಿ ನೋಡಿದರೆ ಅಲ್ಲಿ ಇದ್ದುದೇನು? ಆಟದ ಅಂಗಣವು ಹಳೆಯ ಕಟ್ಟಡವೊಂದರ ಮಾಳಿಗೆಯ ಮೇಲಿತ್ತು. ಇವರ ಹುಡುಗರು ಒಂದು ಕಡೆ ಆಡುತ್ತಿದ್ದರೆ ಅದೇ ಹೊತ್ತಿಗೆ ಇನ್ನೊಂದು ಕಡೆ ಕುಸ್ತಿಯವರು, ಮತ್ತೊಂದು ಕಡೆ ಅಂಗಸಾಧನೆಯವರು. ಗಾಳಿಯಾಡದ ಆ ಜಾಗಕ್ಕೆ ವಿದ್ಯಾರ್ಥಿಗಳು ಬೆವರಿನ ಕೊಟ್ಟಿಗೆಯೆಂದು ಹಾಸ್ಯದ ಹೆಸರಿಟ್ಟಿದ್ದರು. ಪ್ರತಿದಿನವೂ ಅಭ್ಯಾಸಕ್ಕೆ ಮುಂಚೆ ನೆಲವನ್ನು ಗುಡಿಸಿ ಒರೆಸುವವರಲ್ಲಿ ಗುರುವೂ ಒಬ್ಬರು. ಸಂಬಳ ಸಾಲದೆ ಮೊದಲ ಕೆಲವು ವರ್ಷ ಬೆಳಗಿನ ಹೊತ್ತು ಹಾಲಿನ ಕಂಪನಿಯೊಂದರಲ್ಲಿಯೂ ದುಡಿದರು. 1955ರಲ್ಲಿ, ಕಟ್ಟಡವು ಅಪಾಯಕರವೆಂದು ಅಲ್ಲಿ ಜನ ಸೇರಿಸುವ ಪಂದ್ಯಗಳನ್ನೇ ನಿಲ್ಲಿಸಿದರು. ಮುಂದೆ ಹತ್ತು ವರ್ಷ ಆ ತಂಡಕ್ಕೆ ತನ್ನದೆಂಬ ಅಂಗಣವೇ ಇಲ್ಲ. ಇಂದು ಈ ಊರು, ನಾಳೆ ಆ ಊರು.

ಜನರು ವುಡನ್ನರ ಹತ್ತು ರಾಷ್ಟ್ರೀಯ ಪ್ರಶಸ್ತಿಗಳನ್ನು ಎಣಿಸುತ್ತಾರೆ. ನಾವು ಇಲ್ಲಿ ಎಣಿಸಬೇಕೆನ್ನುವುದು ಬೇರೊಂದು ಸಂಖ್ಯೆಯನ್ನು: ಮೊದಲ ಪ್ರಶಸ್ತಿ ಬರುವುದಕ್ಕೆ ಮುಂಚೆ ಅವರು ಅಲ್ಲಿ ಕಲಿಸಿದ ಹದಿನೈದು ವರ್ಷಗಳನ್ನು. ಆ ಅವಧಿಯಲ್ಲಿ ಒಳ್ಳೆಯ ತಂಡಗಳೂ ಬಂದುವು. 1959–60ರಂತೆ 14 ಗೆಲವು, 12 ಸೋಲಿನ ಬಡ ವರ್ಷಗಳೂ ಬಂದುವು. ಆದರೆ ದಿನಚರಿ ಬದಲಾಗಲಿಲ್ಲ. ಎರಡು ಗಂಟೆಯ ಅಭ್ಯಾಸಕ್ಕಾಗಿ ಬೆಳಗ್ಗೆ ಬಹಳ ಹೊತ್ತು ಕುಳಿತು, ಯಾವ ನಿಮಿಷದಲ್ಲಿ ಯಾವ ಪಾಠವೆಂದು ಚಿಕ್ಕ ಕಾರ್ಡಿನ ಮೇಲೆ ಬರೆದುಕೊಳ್ಳುತ್ತಿದ್ದರು. ಸಂಜೆ ಏನಾಯಿತೆಂದು ಪುಸ್ತಕದಲ್ಲಿ ಗುರುತಿಸುತ್ತಿದ್ದರು. ಹತ್ತು ವರ್ಷಗಳ ಹಿಂದಿನ ಒಂದು ದಿನದ ಅಭ್ಯಾಸವನ್ನೂ ತೆಗೆದು ನೋಡಬಹುದಾಗಿತ್ತು.

ಪ್ರತಿ ವರ್ಷದ ಮೊದಲ ಪಾಠ ಯಾವುದೆಂದರೆ ಮಕ್ಕಳು ನಗಬಹುದು. ಕಾಲುಚೀಲ ಹಾಕಿಕೊಳ್ಳುವುದು! ದೇಶದ ಹೆಸರಾಂತ ಹುಡುಗರನ್ನೆಲ್ಲ ಸಾಲಾಗಿ ಕೂರಿಸಿ, ಕಾಲುಚೀಲವನ್ನು ಬೆರಳ ತುದಿಯಿಂದ ಹಿಮ್ಮಡಿಯವರೆಗೆ ಸುಕ್ಕಿಲ್ಲದಂತೆ ಎಳೆಯುವುದು, ಬೂಟಿನ ದಾರವನ್ನು ಒಂದೊಂದು ತೂತಿನಲ್ಲಿಯೂ ಬಿಗಿದು ಕಟ್ಟುವುದು – ಇದನ್ನು ಕಲಿಸುತ್ತಿದ್ದರು. ಸುಕ್ಕಿದ್ದರೆ ಬೊಕ್ಕೆ ಏಳುತ್ತದೆ, ಬೊಕ್ಕೆ ಎದ್ದರೆ ಅಭ್ಯಾಸ ತಪ್ಪುತ್ತದೆ, ಅಭ್ಯಾಸ ತಪ್ಪಿದರೆ ಆಟ ಕೆಡುತ್ತದೆ ಎಂಬುದು ಅವರ ತರ್ಕ. ನಮ್ಮ ಐಗಳ ಮಠಗಳಲ್ಲಿ ಮರಳಿನ ಮೇಲೆ ಅಕ್ಷರ ತಿದ್ದಿಸುತ್ತಿದ್ದ ರೀತಿಗೂ ಇದಕ್ಕೂ ತತ್ತ್ವದಲ್ಲಿ ಭೇದವಿಲ್ಲ.

ಅವರು ಕಲಿಸುತ್ತಿದ್ದ ಬಗೆಯನ್ನು 1974–75ರಲ್ಲಿ ರೊನಾಲ್ಡ್ ಗ್ಯಾಲಿಮೋರ್, ರೋಲಂಡ್ ಥಾರ್ಪ್ ಎಂಬ ಇಬ್ಬರು ಮನಶ್ಶಾಸ್ತ್ರಜ್ಞರು ಅಂಗಣದ ಬದಿಯಲ್ಲಿ ಕುಳಿತು ಲೆಕ್ಕ ಹಾಕಿದರು. ಗುರುವಿನ ಬಾಯಿಂದ ಬಂದ ಎರಡು ಸಾವಿರಕ್ಕೂ ಮಿಕ್ಕ ಮಾತುಗಳನ್ನು ವಿಂಗಡಿಸಿದರು. ಹೊಗಳಿಕೆ ನೂರಕ್ಕೆ ಏಳರಷ್ಟು. ಗದರಿಕೆಯೂ ಸುಮಾರು ಅಷ್ಟೇ. ನೂರಕ್ಕೆ 75ರಷ್ಟು ಮಾತುಗಳು ಏನು ಮಾಡಬೇಕು, ಹೇಗೆ ಮಾಡಬೇಕೆಂಬ ಶುದ್ಧ ಪಾಠವೇ ಆಗಿದ್ದುವು. ತಪ್ಪನ್ನು ಕಂಡರೆ ಮೊದಲು ಸರಿಯಾದುದನ್ನು ಮಾಡಿ ತೋರಿಸುವರು, ಬಳಿಕ ಹುಡುಗ ಮಾಡಿದ ತಪ್ಪನ್ನು ಅನುಕರಿಸುವರು, ಮತ್ತೆ ಸರಿಯಾದುದನ್ನು ತೋರಿಸುವರು. ಇದೆಲ್ಲ ಕೆಲವೇ ಕ್ಷಣಗಳಲ್ಲಿ. ಹೊಗಳಿ ಉಬ್ಬಿಸುವುದೂ ಅಲ್ಲ, ಬೈದು ಕುಗ್ಗಿಸುವುದೂ ಅಲ್ಲ, ಕಲಿಸುವುದು. ಅಧ್ಯಾಪಕ ಬಂಧುಗಳು ಈ ಲೆಕ್ಕವನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಕಾಗಿ ವಿನಂತಿ.

ಇನ್ನು ಗೆಲವುಗಳ ಕಥೆಯನ್ನು ಬೇಗನೆ ಹೇಳಿಬಿಡುತ್ತೇವೆ. 1964ರಲ್ಲಿ, ತಂಡದಲ್ಲಿ ಭಾರಿ ಎತ್ತರದ ಒಬ್ಬನೂ ಇಲ್ಲದೆ, ಆಡಿದ 30 ಪಂದ್ಯಗಳನ್ನೂ ಗೆದ್ದು ಮೊದಲ ರಾಷ್ಟ್ರೀಯ ಪ್ರಶಸ್ತಿಯನ್ನು ತಂದರು. ಎದುರಾಳಿಯು ಚೆಂಡನ್ನು ಒಳಗೆ ಎಸೆದ ಕ್ಷಣದಿಂದ ಅಂಗಣದ ಉದ್ದಕ್ಕೂ ಮುತ್ತುವ ತಂತ್ರವು ಆ ವರ್ಷದ ಆಯುಧ. ಅದನ್ನು ಬಳಸಬೇಕೆಂದು ಒತ್ತಾಯಿಸಿದವರು ಜೆರ್ರಿ ನಾರ್ಮನ್ ಎಂಬ ಸಹಾಯಕರು. ಸಹಾಯಕರ ಮಾತಿಗೆ ಕಿವಿಗೊಡುವುದೂ ಗುರುವಿನ ಲಕ್ಷಣವೇ. 1965ರಲ್ಲಿ ಮತ್ತೆ ಗೆದ್ದರು. ಅದೇ ವರ್ಷ 12000ಕ್ಕೂ ಮಿಕ್ಕ ಜನ ಕೂರಬಹುದಾದ ಹೊಸ ಅಂಗಣವು ತೆರೆಯಿತು. 1967ರಿಂದ 1973ರವರೆಗೆ ಎಡೆಬಿಡದೆ ಏಳು ಪ್ರಶಸ್ತಿಗಳು, 1975ರಲ್ಲಿ ಹತ್ತನೆಯದು. 1971ರಿಂದ 1974ರವರೆಗೆ ಒಂದೂ ಸೋಲಿಲ್ಲದೆ ಸತತ 88 ಪಂದ್ಯಗಳು. 1974ರ ಜನವರಿ 19ರಂದು ನೋಟರ್ ಡೇಮ್ ತಂಡವು 71ಕ್ಕೆ 70 ಅಂಕಗಳಿಂದ ಆ ಸರಪಣಿಯನ್ನು ಕಡಿಯಿತು. ಆಟಗಾರರೆಂದು 1960ರಲ್ಲಿ, ಗುರುವೆಂದು 1973ರಲ್ಲಿ ಕೀರ್ತಿಭವನಕ್ಕೆ ಆಯ್ಕೆಯಾಗಿ, ಎರಡು ಗೌರವವನ್ನೂ ಪಡೆದವರಲ್ಲಿ ಮೊದಲಿಗರಾದರು.

ಅವರ ಶಿಷ್ಯರಲ್ಲಿ ಇಬ್ಬರನ್ನು ಹೆಸರಿಸಲೇಬೇಕು. ಲ್ಯೂ ಆಲ್ಸಿಂಡರ್ ನ್ಯೂಯಾರ್ಕಿನಿಂದ ಬಂದ ಏಳಡಿಗೆ ಮಿಕ್ಕ ಎತ್ತರದ ಕರಿಯ ಯುವಕ. ಮುಂದೆ ಇಸ್ಲಾಂ ಧರ್ಮವನ್ನು ಸ್ವೀಕರಿಸಿ ಕರೀಂ ಅಬ್ದುಲ್ ಜಬ್ಬಾರ್ ಎಂದು ಲೋಕಪ್ರಸಿದ್ಧರಾದರು. ಕ್ರೈಸ್ತ ರೈತನ ಮಗನಿಗೂ ಈ ಶಿಷ್ಯನಿಗೂ ಬೆಳೆದ ಸ್ನೇಹವು ಗುರುವಿನ ಮರಣದವರೆಗೂ ಉಳಿಯಿತು. 2017ರಲ್ಲಿ ಶಿಷ್ಯರು ಆ ಸ್ನೇಹವನ್ನು ಕುರಿತೇ ಒಂದು ಪುಸ್ತಕವನ್ನು ಬರೆದರು. ಇನ್ನೊಬ್ಬ ಬಿಲ್ ವಾಲ್ಟನ್, 1972ರಲ್ಲಿ ವಿಯೆಟ್ನಾಂ ಯುದ್ಧವನ್ನು ವಿರೋಧಿಸಿ ಬಂಧನಕ್ಕೊಳಗಾದ ತರುಣ. ಅವನೊಮ್ಮೆ ತಲೆಗೂದಲನ್ನು ಬೆಳೆಸಿ ಬಂದು, ಕತ್ತರಿಸೆನ್ನಲು ನಿಮಗೆ ಹಕ್ಕಿಲ್ಲವೆಂದು ವಾದಿಸಿದನಂತೆ. ನಿನ್ನ ನಂಬಿಕೆಗೆ ನೀನು ನಿಲ್ಲುವುದು ಒಳ್ಳೆಯದೇ, ಆದರೆ ತಂಡದಲ್ಲಿ ನೀನಿಲ್ಲದಿರುವುದು ನಮಗೆ ಬೇಸರ ತರುತ್ತದೆ ಎಂದು ಗುರು ಶಾಂತವಾಗಿ ಹೇಳಿದರಂತೆ. ಶಿಷ್ಯನು ಸೈಕಲ್ಲು ಹತ್ತಿ ಕ್ಷೌರದಂಗಡಿಗೆ ಓಡಿದನು!

ಸಭಿಕರೆ, ದೊಡ್ಡವರ ಚರಿತ್ರೆಯನ್ನು ಹೇಳುವಾಗ ಕುಂದುಗಳನ್ನು ಮುಚ್ಚಿಡುವುದು ನಮ್ಮಲ್ಲಿ ಒಂದು ದುರಭ್ಯಾಸ. ವುಡನ್ನರು ದೇವರಲ್ಲ. ಅವರು ಪಂದ್ಯದಲ್ಲಿ ಏಳೆಂಟು ಮಂದಿಯನ್ನೇ ಹೆಚ್ಚಾಗಿ ಆಡಿಸುತ್ತಿದ್ದರು. ಉಳಿದವರು ವರ್ಷವೆಲ್ಲ ಬೆಂಚಿನ ಮೇಲೆ. 1970ರಲ್ಲಿ ತಂಡದ ಸನ್ಮಾನಭೋಜನದಲ್ಲಿ ಹಾಗೆ ಕುಳಿತಿದ್ದ ಆಟಗಾರನೊಬ್ಬ ಎದ್ದು ನಿಂತು, ಇಲ್ಲಿ ಮುಂದಿನವರಿಗೆ ಒಂದು ನ್ಯಾಯ, ಹಿಂದಿನವರಿಗೆ ಒಂದು ನ್ಯಾಯವೆಂದು ಬಹಿರಂಗವಾಗಿಯೇ ನೊಂದು ನುಡಿದನು. ಎಲ್ಲರನ್ನೂ ಒಂದೇ ಸಮನಾಗಿ ನೋಡುವುದಕ್ಕಿಂತ ಅವರವರ ಯೋಗ್ಯತೆಗೆ ತಕ್ಕಂತೆ ನೋಡುವುದೇ ನ್ಯಾಯವೆಂದು ಗುರುವಿನ ಮತ. ಆ ಮತದಲ್ಲಿ ಸತ್ಯವಿರಬಹುದು. ಆ ಹುಡುಗನ ನೋವಿನಲ್ಲಿಯೂ ಸತ್ಯವಿತ್ತು. ಮತ್ತೊಂದು ಆಕ್ಷೇಪಣೆ ಇನ್ನೂ ಗುರುತರವಾದುದು. ಆ ವೈಭವದ ವರ್ಷಗಳಲ್ಲಿ ಧನಿಕ ಅಭಿಮಾನಿಯೊಬ್ಬರು ಆಟಗಾರರಿಗೆ ನಿಯಮವನ್ನು ಮೀರಿ ಸಹಾಯ ಮಾಡುತ್ತಿದ್ದರೆಂಬ ವಿಷಯ ಮುಂದೆ ಬೆಳಕಿಗೆ ಬಂದಿತು. ವುಡನ್ನರು ನಿವೃತ್ತರಾದ ಬಹಳ ವರ್ಷಗಳ ಮೇಲೆ, 1981ರಲ್ಲಿ, ವಿಶ್ವವಿದ್ಯಾನಿಲಯದ ತಂಡವು ದಂಡನೆಗೆ ಗುರಿಯಾಯಿತು. ಗುರು ತಾವಾಗಿ ತಪ್ಪೆಸಗಿದರೆಂದು ಯಾರೂ ತೋರಿಸಲಿಲ್ಲ. ಆದರೆ ಕೇಳಬೇಕಾದುದನ್ನು ಇನ್ನಷ್ಟು ಗಟ್ಟಿಯಾಗಿ ಕೇಳಬಹುದಾಗಿತ್ತೆಂದು ವಿಮರ್ಶಕರು ಹೇಳಿದ್ದಾರೆ. ಈ ಮಾತನ್ನು ನಾವು ಅಲ್ಲಗಳೆಯುವುದಿಲ್ಲ. ಕಾಲುಚೀಲದ ಸುಕ್ಕನ್ನು ಕಾಣುವ ಕಣ್ಣಿಗೂ ಕಾಣದೆ ಉಳಿಯುವುದುಂಟು.

1975ರಲ್ಲಿ, ಕೊನೆಯ ಪಂದ್ಯಾವಳಿಯ ಉಪಾಂತ್ಯ ಪಂದ್ಯದಲ್ಲಿ ಎದುರು ನಿಂತುದು ಅವರ ಹಳೆಯ ಶಿಷ್ಯರೂ ಸಹಾಯಕರೂ ಆಗಿದ್ದ ಡೆನ್ನಿ ಕ್ರಮ್ಮರ ತಂಡ. ಒಂದೇ ಅಂಕದಿಂದ ಗೆದ್ದು, ಆ ಸಂಜೆಯೇ ತಾವು ನಿವೃತ್ತರಾಗುವುದಾಗಿ ತಮ್ಮ ಹುಡುಗರಿಗೆ ತಿಳಿಸಿದರು. ಮಾರ್ಚಿ 31ರಂದು ಕೆಂಟಕಿಯ ತಂಡವನ್ನು 92ಕ್ಕೆ 85 ಅಂಕಗಳಿಂದ ಸೋಲಿಸಿ ಅಂಗಣದಿಂದ ಇಳಿದರು. ಲಾಸ್ ಏಂಜಲೀಸಿನಲ್ಲಿ 27 ವರ್ಷ. 620 ಗೆಲವು, 147 ಸೋಲು. ವರ್ಷದ ಸಂಬಳ ಎಂದೂ ದೊಡ್ಡದಾಗಿರಲಿಲ್ಲ; ಹೆಚ್ಚು ಕೊಡಿರೆಂದು ಕೇಳುವ ಅಭ್ಯಾಸವೂ ಅವರಿಗಿರಲಿಲ್ಲ.

1985ರ ಮಾರ್ಚಿ 21ರಂದು ನೆಲ್ ತೀರಿಕೊಂಡರು. ಅಂದಿನಿಂದ ಪ್ರತಿ ತಿಂಗಳ 21ರಂದು ಆ ವೃದ್ಧರು ಮಡದಿಗೆ ಒಂದು ಓಲೆಯನ್ನು ಬರೆದು, ಮಡಚಿ, ಆಕೆಯ ದಿಂಬಿನ ಮೇಲೆ ಇಡುತ್ತಿದ್ದರು. 2003ರಲ್ಲಿ ವಿಶ್ವವಿದ್ಯಾನಿಲಯದವರು ಅಂಗಣಕ್ಕೆ ಅವರ ಹೆಸರಿಡಲು ಬಂದಾಗ, ಮಡದಿಯ ಹೆಸರು ಮೊದಲು ಬರಬೇಕೆಂದರು. ಇಂದಿಗೂ ಅದು ‘ನೆಲ್ ಮತ್ತು ಜಾನ್ ವುಡನ್ ಅಂಗಣ’. ಅದೇ ವರ್ಷ ಅಮೆರಿಕದ ಅಧ್ಯಕ್ಷರು ಸ್ವಾತಂತ್ರ್ಯ ಪದಕವನ್ನು ಕೊಟ್ಟು ಗೌರವಿಸಿದರು. 2010ರ ಜೂನ್ 4ರಂದು, ನೂರು ತುಂಬಲು ಕೆಲವೇ ತಿಂಗಳಿರುವಾಗ, ವುಡನ್ನರು ದೇಹಬಿಟ್ಟರು.

ಈಗ ನಮ್ಮ ಮನೆಯ ಮಾತಿಗೆ ಬರೋಣ. 1956ರಲ್ಲಿ ರಾಜ್ಯಗಳ ಪುನರ್ವಿಂಗಡಣೆಯಾದಂದಿನಿಂದ ಗಡಿಯ ಈಚೆಗೆ ಉಳಿದ ನಾವು ಕನ್ನಡ ಶಾಲೆಗಳನ್ನು ನಡೆಸುತ್ತ ಬಂದಿದ್ದೇವೆ. ಈ ಶಾಲೆಗಳಿಗೆ ಮಕ್ಕಳನ್ನು ಕಳುಹಿಸುವ ತಂದೆ ತಾಯಂದಿರ ಮನಸ್ಸಿನಲ್ಲಿ ಒಂದು ಅಳುಕಿದೆ. ಅದನ್ನು ಮುಚ್ಚಿಡುವುದರಿಂದ ಪ್ರಯೋಜನವಿಲ್ಲ. ನೆರೆಮನೆಯ ಹುಡುಗ ಇಂಗ್ಲಿಷ್ ಶಾಲೆಗೆ ಹೋಗುತ್ತಾನೆ, ನಮ್ಮವನು ಹಿಂದೆ ಬಿದ್ದಾನೆಯೆ? ಇದೇ ಆ ಅಳುಕು. ಸೌತ್ ಬೆಂಡಿನ ತಂದೆ ತಾಯಂದಿರು ವುಡನ್ನರಿಗೆ ಕೇಳಿದುದೂ ಇದನ್ನೇ. ನಮ್ಮಲ್ಲಿಯೇ, ವೇದಿಕೆಯ ಮೇಲೆ ಕನ್ನಡದ ಪರವಾಗಿ ಮಾತನಾಡಿ, ಮನೆಯ ಮಕ್ಕಳನ್ನು ಬೇರೆಡೆಗೆ ಕಳುಹಿಸಿದವರು ಇಲ್ಲವೆ? ನಾವು ಯಾರನ್ನೂ ಬೆರಳು ಮಾಡಿ ತೋರಿಸುತ್ತಿಲ್ಲ. ತೋರಿಸಹೊರಟರೆ ಆ ಬೆರಳು ನಮ್ಮ ಕಡೆಗೂ ತಿರುಗೀತು. ಆ ಅಳುಕು ನಮ್ಮನ್ನು ಕೂಡ ಕಾಡಿದೆ.

ಮಗುವಿಗೆ ಇಂಗ್ಲಿಷ್ ಬೇಡವೆಂದು ನಾವು ಹೇಳುವುದಿಲ್ಲ. ಮಲಯಾಳವೂ ಬರಲಿ, ಇಂಗ್ಲಿಷೂ ಬರಲಿ. ಆದರೆ ನೆರೆಮನೆಯ ಕೋಲಿನಿಂದ ನಮ್ಮ ಮಗುವನ್ನು ಅಳೆಯುವುದು ಬೇಡ. ತನ್ನ ತಾಯಿನುಡಿಯಲ್ಲಿ ಕಲಿತು, ತನ್ನ ಶಕ್ತಿಯಷ್ಟನ್ನೂ ಸುರಿದ ಮಗುವು ಯಾವ ಅಂಕ ತಂದರೂ ಸೋತ ಮಗುವಲ್ಲ. ಅಂತೆಯೇ ನಮ್ಮ ಶಾಲೆಗಳ ವಿಷಯ. ಇಂದು ಕಟ್ಟಡ ಹಳೆಯದಿರಬಹುದು, ಸಲಕರಣೆ ಸಾಲದಿರಬಹುದು. ಆ ಬೆವರಿನ ಕೊಟ್ಟಿಗೆಯನ್ನು ತಾವೇ ಗುಡಿಸಿಕೊಂಡು ಹದಿನೈದು ವರ್ಷ ಕಾದ ಮಾಸ್ತರರನ್ನು ನೆನೆದರೆ ಇವು ಕೈಚೆಲ್ಲುವುದಕ್ಕೆ ಕಾರಣಗಳಾಗಲಾರವು. ಕಟ್ಟಡಕ್ಕಾಗಿ, ಮಾಸ್ತರರ ನೇಮಕಕ್ಕಾಗಿ ಸರಕಾರವನ್ನು ಕೇಳುವುದು ನಮ್ಮ ಹಕ್ಕು, ಕೇಳುತ್ತಲೇ ಇರೋಣ. ಆದರೆ ಕೇಳುತ್ತಿರುವಷ್ಟು ಕಾಲವೂ ನೆಲವನ್ನು ಗುಡಿಸಿ ಪಾಠವನ್ನು ನಡೆಸುತ್ತಿರೋಣ.

ಸಭೆಯ ಕೊನೆಯಲ್ಲಿ ನಾವೆಲ್ಲರೂ ಎದ್ದು ನಿಂತು ‘ಸಿರಿಗನ್ನಡಂ ಗೆಲ್ಗೆ’ ಎನ್ನುತ್ತೇವೆ. ಅಲ್ಲಿಯ ‘ಗೆಲ್ಗೆ’ ಎಂಬ ಮಾತಿಗೆ ಯಾರನ್ನೋ ಸೋಲಿಸುವುದೆಂಬ ಅರ್ಥ ಬೇಡ. ನಮ್ಮಿಂದಾದುದನ್ನೆಲ್ಲ ನಮ್ಮ ನುಡಿಗಾಗಿ, ನಮ್ಮ ಮಕ್ಕಳಿಗಾಗಿ ಮಾಡಿದೆವೆಂದು ರಾತ್ರಿ ಮಲಗುವಾಗ ಮನಸ್ಸು ಸಾಕ್ಷಿ ಹೇಳಿದರೆ ಅದೇ ಗೆಲವು.

ಸಿರಿಗನ್ನಡಂ ಗೆಲ್ಗೆ.